ಗೈರುಹಾಜರಿಗೆ ಕಾರಣ

ಬೆಳಿಗ್ಗೆ ಹನ್ನೊಂದೂಕಾಲಿಗೆ ಅವಳ ಬಲಗೈ ಮೊಣಕೈವರೆಗೂ ನ್ಯಾಯಾಧೀಶರ ಕಕ್ಕಸಿನೊಳಗಿತ್ತು. ಹನ್ನೊಂದೂವರೆಗೆ ಅದೇ ನ್ಯಾಯಾಧೀಶರು ಪೀಠದ ಮೇಲೆ ಕೂತು, ಅವಳು ಕೋರ್ಟಿಗೆ ಬಂದಿಲ್ಲವೆಂದು ಬರೆಸಿದರು. ಕಟ್ಟಡ ಒಂದೇ. ಮಹಡಿ ಒಂದೇ. ನಡುವೆ ಇದ್ದದ್ದು ಒಂದು ಗೋಡೆ. ಆದರೂ ಬಂದಿಲ್ಲವಂತೆ.

ಅವಳು ಆ ಕೌಟುಂಬಿಕ ನ್ಯಾಯಾಲಯವನ್ನು ಆರು ವರ್ಷದಿಂದ ಗುಡಿಸಿ, ಒರೆಸಿ, ತೊಳೆದವಳು. ಗುತ್ತಿಗೆದಾರನ ಕೈಕೆಳಗಿನ ಕೆಲಸ. ಎರಡು ಮಹಡಿ, ನಾಲ್ಕು ಕೋರ್ಟು ಹಾಲು, ಹದಿನಾಲ್ಕು ಕಕ್ಕಸು. ಆರು ಗಂಟೆಗೆ ಬಂದರೆ ವಕೀಲರು ಕಾಲಿಡುವ ಹೊತ್ತಿಗೆ ನೆಲ ಹೊಳೆಯಬೇಕು, ಅವಳು ಕಣ್ಣಿಗೆ ಬೀಳಬಾರದು. ಅಲ್ಲಿನವರು ಅವಳನ್ನು ಕರೆಯುತ್ತಿದ್ದುದು ಫಿನಾಯ್ಲಮ್ಮ ಎಂದು. ಮೊದಲು ಯಾರೋ ತಮಾಷೆಗೆ ಅಂದರು, ಆಮೇಲೆ ಅದೇ ಕಾಯಂ ಆಯಿತು. ಆ ಕಟ್ಟಡದಲ್ಲಿ ಅವಳಿಗೆ ಕಾಯಂ ಆದದ್ದು ಅದೊಂದೇ.

ಅದೇ ಕಟ್ಟಡದಲ್ಲಿ ಮೂರು ವರ್ಷದಿಂದ ಅವಳದೂ ಒಂದು ಕೇಸಿತ್ತು. ನಡೆಯುತ್ತಿತ್ತು ಅಂದರೆ ಸುಳ್ಳಾಗುತ್ತದೆ. ಬಿದ್ದುಕೊಂಡಿತ್ತು. ಮಗಳು ತನ್ನ ಹತ್ತಿರ ಇರಬೇಕು ಎಂದು ಅವಳು ಹಾಕಿದ ಅರ್ಜಿ. ಅರ್ಜಿ ಹಾಕಿದಾಗ ಮಗಳಿಗೆ ಐದು, ಈಗ ಎಂಟು. ಗಂಡ ಬಸ್ ಡಿಪೋದಲ್ಲಿ ಮೆಕ್ಯಾನಿಕ್ಕು. ಅವನಿಗೆ ಬಡ್ತಿ ಸಿಕ್ಕ ತಿಂಗಳೇ ಹೆಂಡತಿಯ ಕೈ ನಾರತೊಡಗಿತು. ಅದಕ್ಕೆ ಮುಂಚೆ ಅದೇ ಕೈ ಬಡಿಸಿದ್ದನ್ನು ಬೆರಳು ನೆಕ್ಕಿ ತಿಂದವನು. ಒಂದು ದಿನ ಅವಳು ಕೆಲಸಕ್ಕೆ ಹೋಗಿದ್ದಾಗ ಮಗಳನ್ನು ಎತ್ತಿಕೊಂಡು ತಾಯಿಯ ಮನೆ ಸೇರಿದ. ಕೋರ್ಟಿಗೆ ಕೊಟ್ಟ ಪ್ರಮಾಣಪತ್ರದಲ್ಲಿ, ಹೆಂಡತಿ ಹೊಲಸಿನ ನಡುವೆ ಕೆಲಸ ಮಾಡುವವಳು, ಸದಾ ರೋಗಿಷ್ಟೆ, ಮಗುವಿಗೆ ಅಂಟುತ್ತದೆ ಎಂದು ಬರೆಸಿದ.

ಅವಳಿಗೆ ರೋಗವಿರಲಿಲ್ಲ. ಹದಿನಾಲ್ಕು ಕಕ್ಕಸು ದಿನಾ ತೊಳೆಯುವವಳಿಗೆ ಮಲಗಲು ಪುರಸೊತ್ತೇ ಇರಲಿಲ್ಲ, ರೋಗ ಬರುವುದೆಲ್ಲಿಂದ?

ಕೇಸು ಮುಗಿಯುವವರೆಗೆ ಮಗುವನ್ನು ಊರು ಬಿಟ್ಟು ಒಯ್ಯಬಾರದು, ಶನಿವಾರಕ್ಕೊಮ್ಮೆ ಎರಡು ಗಂಟೆ ಕೋರ್ಟಿನ ಮಕ್ಕಳ ಕೋಣೆಯಲ್ಲಿ ತಾಯಿಗೆ ತೋರಿಸಬೇಕು ಎಂದು ಮೊದಲ ವರ್ಷ ಒಂದು ಮಧ್ಯಂತರ ಆದೇಶ ಆಗಿತ್ತು. ಮಕ್ಕಳ ಕೋಣೆಯನ್ನು ಬೆಳಿಗ್ಗೆ ಅವಳೇ ಒರೆಸುತ್ತಿದ್ದಳು. ಮಧ್ಯಾಹ್ನ ಅಲ್ಲೇ, ಕಾಲು ಕಿತ್ತುಹೋದ ಗೊಂಬೆಗಳ ಪೆಟ್ಟಿಗೆಯ ಪಕ್ಕ, ಮಗಳನ್ನು ತೊಡೆಯ ಮೇಲೆ ಕೂರಿಸಿಕೊಳ್ಳುತ್ತಿದ್ದಳು. ಅತ್ತೆ ಬಾಗಿಲಲ್ಲಿ ನಿಂತು ಗಡಿಯಾರ ನೋಡುತ್ತಿದ್ದಳು. ಒಂದು ಶನಿವಾರ ಮಗಳು ಕಿವಿಯ ಹತ್ತಿರ ಬಂದು ಹೇಳಿದಳು: "ಅಮ್ಮಾ, ಇಲ್ಲಿಂದ ಹೋದ್ಮೇಲೆ ಅಜ್ಜಿ ನನ್ನ ಬಟ್ಟೆ ಬೇರೆ ಬಕೆಟಲ್ಲಿ ನೆನೆಸ್ತಾಳೆ. ನಿಂಗೆ ರೋಗವಂತೆ. ವಾಸಿ ಆಗುತ್ತಾ?"

ಅವಳು ಮಗಳ ಜಡೆ ಬಿಚ್ಚಿ ಮತ್ತೆ ಹೆಣೆದಳು.

ಮೂರು ವರ್ಷದಲ್ಲಿ ಮೂವತ್ತೊಂದು ತಾರೀಖು. ಒಂದು ಸಲ ಗಂಡನ ವಕೀಲರಿಗೆ ಮದುವೆ ಮನೆ. ಒಂದು ಸಲ ಇವಳ ವಕೀಲರಿಗೆ ಬೇರೆ ಕೋರ್ಟು. ಒಂದು ಸಲ ಸಾಹೇಬರಿಗೆ ವರ್ಗ. ಇನ್ನೊಂದು ಸಲ ಫೈಲೇ ಸಿಗಲಿಲ್ಲ. ಎರಡು ತಿಂಗಳಾದ ಮೇಲೆ ಅದು ಕುರ್ಚಿಯ ಕುಂಟು ಕಾಲಿನ ಕೆಳಗೆ ಸಿಕ್ಕಿತು. ಸಿಕ್ಕಿದ್ದು ಅವಳಿಗೇ, ಕಸ ಹೊಡೆಯುವಾಗ. ಕೇಸು ಒಂದು ಹಾಲಿನಿಂದ ಇನ್ನೊಂದಕ್ಕೆ, ಅಲ್ಲಿಂದ ಮತ್ತೊಂದಕ್ಕೆ ದಾಟಿತು. ಪ್ರತಿ ಸಲ ಉಚಿತ ಕಾನೂನು ನೆರವಿನ ವಕೀಲರು ಒಂದು ಕಾಗದ ಮುಂದೆ ಹಿಡಿದು, ಇಲ್ಲೊಂದು ಸಹಿ ಹಾಕಮ್ಮ ಅನ್ನುತ್ತಿದ್ದರು. ಹಾಕುತ್ತಿದ್ದಳು. ಅವಳಿಗೆ ಬರುತ್ತಿದ್ದುದು ಸಹಿಯೊಂದೇ. ಓದಲು ಬರುತ್ತಿರಲಿಲ್ಲ.

ಆ ದಿನ ಅವಳು ರಜೆ ಹಾಕಿದ್ದಳು. ಮೇಲ್ವಿಚಾರಕ ಹಾಜರಿ ಪುಸ್ತಕದಲ್ಲಿ ಅವಳ ಎದುರು ಕೆಂಪು ಗೆರೆ ಎಳೆದದ್ದನ್ನು ಕಣ್ಣಾರೆ ನೋಡಿ ಬಂದಿದ್ದಳು. ನೀಲಿ ಕೋಟಿಲ್ಲ. ಒಗೆದು ಮಡಿಸಿಟ್ಟ ಬಟ್ಟೆ. ಉಗುರಿನ ಸಂದಿಯನ್ನು ಬ್ರಷ್ಷು ಹಾಕಿ ತಿಕ್ಕಿ ತಿಕ್ಕಿ ನೆತ್ತರು ಜಿನುಗಿತ್ತು. ಅವತ್ತು ಅವಳ ಮಾತನ್ನು ಕೋರ್ಟು ಕೇಳುವ ದಿನ. ಹತ್ತು ಗಂಟೆಯಿಂದ ಮೂರನೇ ಹಾಲಿನ ಹೊರಗೆ ಬೆಂಚಿನ ತುದಿಯಲ್ಲಿ ಕೂತಿದ್ದಳು. ಪಕ್ಕದಲ್ಲಿದ್ದ ಹೆಂಗಸು ಸ್ವಲ್ಪ ಸರಿದು ಕೂತದ್ದನ್ನು ಗಮನಿಸಿದಳು. ಗಮನಿಸದವಳಂತೆ ಇದ್ದಳು.

ಜವಾನ ಬಂದ. ಬಾಗಿಲಲ್ಲಿ ನಿಂತು ಹೆಸರು ಕೂಗುವವನು ಅವನೇ, ಒಳಗೆ ಸಾಹೇಬರ ಕೋಣೆ ನೋಡಿಕೊಳ್ಳುವವನೂ ಅವನೇ. ಸಾಹೇಬರ ಕಕ್ಕಸು ಕಟ್ಟಿಕೊಂಡಿದೆ, ನೀರು ಮೇಲೆ ಬರುತ್ತಿದೆ, ಎದ್ದು ಬಾ ಅಂದ. ಇವತ್ತು ನನ್ನ ಕೇಸಿದೆ, ನಾನು ರಜೆ ಅಂದಳು. ಅವನು ಹಲ್ಲು ಕಿರಿದ.

"ಕೇಸು ಎಲ್ರುದೂ ಇರುತ್ತೆ. ಐದು ನಿಮಿಷದ ಕೆಲಸ, ಬಾರೇ ಫಿನಾಯ್ಲಮ್ಮ. ಕೂಗೋನು ನಾನೇ ತಾನೆ? ನಿನ್ನ ಬಿಟ್ಟು ಕೂಗ್ತೀನಾ?"

ಹೋಗದೆ ಇರಬಹುದಿತ್ತು. ಆರು ವರ್ಷ 'ಬಾ' ಅಂದಾಗ ಬಂದ ಕಾಲು, ಎದ್ದುಬಿಟ್ಟಿತು. ಈ ಕಥೆಯಲ್ಲಿ ಅವಳು ಮಾಡಿದ ತಪ್ಪು ಇದೊಂದೇ, ಮತ್ತು ಅದಕ್ಕೆ ಅವಳನ್ನು ದೂರುವವರು ಒಂದು ದಿನ ಆ ಬಕೆಟು ಹಿಡಿದು ನೋಡಲಿ.

ಕೈಗವಸು ಇರಲಿಲ್ಲ. ನೀಲಿ ಕೋಟಿನ ಜೇಬಿನಲ್ಲಿದ್ದವು, ಕೋಟು ಮನೆಯಲ್ಲಿತ್ತು. ತೋಳು ಮಡಚಿ ಮೊಣಕಾಲೂರಿದಳು. ಕೋಲು ತಾಗಲಿಲ್ಲ, ಕೈ ಹಾಕಿದಳು. ಒಳಗೆ ಕೊಳವೆ ತಿರುಗುವ ಕಡೆ ಏನೋ ಸಿಕ್ಕಿಕೊಂಡಿತ್ತು. ಕಾಗದದ ಮುದ್ದೆ, ಅದರ ಹಿಂದೆ ಚಹಾ ಕುಡಿದು ಎಸೆದ ಪ್ಲಾಸ್ಟಿಕ್ ಲೋಟ. ಬೆರಳ ತುದಿಗೆ ಸಿಕ್ಕುತ್ತಿತ್ತು, ಜಾರುತ್ತಿತ್ತು. ಒಗೆದ ಬಟ್ಟೆಯ ಮುಂಭಾಗವೆಲ್ಲ ಒದ್ದೆಯಾಯಿತು.

ಆಗ ಸಾಹೇಬರು ಬಂದರು. ಮೂಗಿಗೆ ಕರವಸ್ತ್ರ ಹಿಡಿದು ಬಾಗಿಲಲ್ಲಿ ನಿಂತರು. "ಎಷ್ಟು ಹೊತ್ತು ಇದು? ನಾನು ಪೀಠಕ್ಕೆ ಹೋಗ್ಬೇಕು," ಅಂದರು. ಅವಳು ಬಗ್ಗಿಕೊಂಡೇ, ಆಯ್ತು ಸ್ವಾಮಿ ಅಂದಳು. ಕೈ ತೊಳೆಯುವ ಬೇಸಿನ್ನು ಅವಳ ತಲೆಯ ಮೇಲಕ್ಕೇ ಇತ್ತು. ಸಾಹೇಬರು ಪಕ್ಕಕ್ಕೆ ಸರಿ ಅನ್ನಲಿಲ್ಲ. ಅವಳ ಮೇಲೆ ಬಾಗಿ ಕೈ ತೊಳೆದುಕೊಂಡರು. ಸೋಪಿನ ನೀರು ಅವಳ ಕುತ್ತಿಗೆಗೆ, ಬೆನ್ನಿಗೆ ಬಿತ್ತು. ಅವರ ಎಡಗಾಲಿನ ಬೂಟಿನ ಲೇಸು ಬಿಚ್ಚಿಹೋಗಿತ್ತು. ಅವಳಿಗೆ ಕಂಡದ್ದು ಅಷ್ಟೇ. ಅವರು ಹೋದರು.

ಗೋಡೆಯಾಚೆ ಯಾರೋ ಯಾರನ್ನೋ ಕೂಗಿದ್ದು ಕೇಳಿಸಿತು. ನೀರು ಬಿಟ್ಟಿದ್ದಳು, ಹೆಸರು ಕಿವಿಗೆ ಬೀಳಲಿಲ್ಲ. ಲೋಟ ಕೈಗೆ ಬಂತು. ಕೊಳವೆ ಗೊಳಗೊಳ ಎಂದು ನುಂಗಿತು. ಕೈ ತೊಳೆದು, ಬಟ್ಟೆ ಹಿಂಡಿಕೊಂಡು ಹೊರಗೆ ಬರುವಷ್ಟರಲ್ಲಿ ಗಂಡ ಮೆಟ್ಟಿಲಿಳಿಯುತ್ತಿದ್ದ. ಅವನ ವಕೀಲ ಅವನ ಬೆನ್ನು ತಟ್ಟುತ್ತಿದ್ದ. ಅವಳದು ಆರನೇ ಕೇಸು. ಮೊದಲ ಐದೂ ವಕೀಲರು ಬಂದಿಲ್ಲವೆಂದು ಮುಂದಕ್ಕೆ ಹೋಗಿದ್ದವು. ಆರನೆಯದನ್ನು ಮೂರು ಸಲ ಕೂಗಿದರಂತೆ. ಅರ್ಜಿದಾರಳು ಗೈರುಹಾಜರು. ಮಗುವಿನ ಬಗ್ಗೆ ಆಸಕ್ತಿ ಇದ್ದಂತೆ ಕಾಣುವುದಿಲ್ಲ. ಅರ್ಜಿ ವಜಾ.

ಅರ್ಜಿ ಸತ್ತ ಮೇಲೆ ಮಧ್ಯಂತರ ಆದೇಶವೂ ಸತ್ತಂತೆ. ಶನಿವಾರ ಇಲ್ಲ. ಮಗಳನ್ನು ಊರು ಬಿಟ್ಟು ಒಯ್ಯಲು ಅಡ್ಡಿಯಿಲ್ಲ. ಗಂಡನ ಅಕ್ಕ ಬಸ್ಸಿನಲ್ಲಿ ಒಂದು ದಿನದ ದಾರಿಯ ಊರಲ್ಲಿದ್ದಳು, ಅಲ್ಲೊಂದು ವಸತಿಶಾಲೆಗೆ ಹೆಸರು ಬರೆಸಿದ್ದರು. ಶಾಲೆ ಶುರುವಾಗುವುದಕ್ಕೆ ಆರು ವಾರವಿತ್ತು.

ಅವಳು ಜವಾನನ ಮುಂದೆ ಹೋಗಿ ನಿಂತಳು. ಆರನೇ ಕೇಸು ನನ್ನದು ಅಂದಳು. ಅವನು ಪಟ್ಟಿ ತಿರುವಿ ನೋಡಿ, ಇದು ನೀನಾ ಅಂದ.

"ನಂಗೇನು ಗೊತ್ತು? ಲಿಸ್ಟಲ್ಲಿ ಫಿನಾಯ್ಲಮ್ಮ ಅಂತ ಇರ್ಲಿಲ್ಲವಲ್ಲ."

ಅವನು ಸುಳ್ಳು ಹೇಳುತ್ತಿರಲಿಲ್ಲ. ಅದೇ ಅವಳ ಹೊಟ್ಟೆಗೆ ಬೆಂಕಿ ಹಾಕಿದ್ದು. ಬೇಕೆಂದೇ ಮಾಡಿದ್ದರೆ ಅವನ ಕೊರಳಪಟ್ಟಿ ಹಿಡಿಯಬಹುದಿತ್ತು. ಆರು ವರ್ಷ ದಿನಾ ಮುಖ ನೋಡಿದವನು ಒಂದು ಸಲವೂ ಹೆಸರು ಕೇಳಿರಲಿಲ್ಲ, ಅಷ್ಟೇ.

ಅವಳ ವಕೀಲರು ಅವತ್ತು ಕೆಳಗಿನ ಮಹಡಿಯಲ್ಲಿ ಬೇರೆ ಕೇಸಿನಲ್ಲಿದ್ದರು. ಕೆಟ್ಟವರಲ್ಲ. ನಗುನಗುತ್ತ ಮಾತಾಡುವವರು. ಇದೊಂದು ವಿಷಯವೇ ಅಲ್ಲ, ಮೂವತ್ತು ದಿನದೊಳಗೆ ಅರ್ಜಿ ಹಾಕಿದರೆ ಕೇಸು ಮತ್ತೆ ಜೀವ ಹಿಡಿಯುತ್ತದೆ, ಗೈರುಹಾಜರಿಗೆ ಕಾರಣ ತಿಳಿಸಿ ಒಂದು ಪ್ರಮಾಣಪತ್ರ ಕೊಟ್ಟರೆ ಮುಗಿಯಿತು ಅಂದರು. ಅಲ್ಲೇ ಚೀಲದಿಂದ ಅಚ್ಚು ಹಾಕಿದ ಹಾಳೆ ತೆಗೆದು, ಖಾಲಿ ಜಾಗದಲ್ಲಿ ನಾಲ್ಕು ಪದ ಗೀಚಿ, ಪ್ರಮಾಣ ಅಧಿಕಾರಿಯ ಮುಂದೆ ಸಹಿ ಹಾಕಿ ಬಾ ಎಂದು ಕಳಿಸಿದರು.

ಪ್ರಮಾಣ ಅಧಿಕಾರಿ ಮೆಟ್ಟಿಲ ಕೆಳಗಿನ ಮೇಜಿನಲ್ಲಿ ಕೂತಿರುತ್ತಿದ್ದ. ಜನ ಸಾಲುಗಟ್ಟಿ ನಿಲ್ಲುತ್ತಿದ್ದರು. ಅವನು ಕಾಗದ ನೋಡುತ್ತಿರಲಿಲ್ಲ, ಮುಖವನ್ನೂ ನೋಡುತ್ತಿರಲಿಲ್ಲ. ಒಂದು ಕೈ ಮೊಹರು ಒತ್ತುತ್ತಿತ್ತು, ಬಾಯಿ ತನ್ನ ಪಾಡಿಗೆ ಕೇಳುತ್ತಿತ್ತು: ಇದರಲ್ಲಿರೋದೆಲ್ಲ ನಿಜ ತಾನೇ, ಓದಿ ತಿಳ್ಕೊಂಡಿದ್ದೀರಿ ತಾನೇ. ಸಾಲಿನವರು ಹೂಂ ಅನ್ನುತ್ತಿದ್ದರು. ಮೂರು ವರ್ಷ ಅವಳೂ ಹೂಂ ಅಂದಿದ್ದಳು.

ಅವತ್ತು ಬಟ್ಟೆ ಇನ್ನೂ ಮೈಗೆ ಅಂಟಿತ್ತು. ಅವಳು ಕೇಳಿದಳು: "ಇದರಲ್ಲಿ ಏನಿದೆ?"

ಅವನು ತಲೆ ಎತ್ತಿದ. ಹಿಂದಿನವರು ಗೊಣಗಿದರು. ನಿಮ್ಮ ವಕೀಲರನ್ನು ಕೇಳಿ ಅಂದ. ನಿಜ ತಾನೇ ಅಂತ ನನ್ನನ್ನು ಕೇಳಿದ್ದು ನೀವು, ಏನು ನಿಜ ಅಂತಲೂ ನೀವೇ ಹೇಳಿ ಅಂದಳು. ಅವನು ಸಿಡುಕುತ್ತ ಓದಿದ: ಸದರಿ ದಿನ ನನಗೆ ತೀವ್ರ ಜ್ವರ ಮತ್ತು ಹೊಟ್ಟೆನೋವು ಇದ್ದು, ಅನಾರೋಗ್ಯದ ನಿಮಿತ್ತ ಹಾಸಿಗೆಯಿಂದ ಏಳಲಾಗದೆ ಗೈರುಹಾಜರಾಗಿರುತ್ತೇನೆ.

"ಸುಳ್ಳು," ಅಂದಳು.

"ಏನು?"

"ನಾನು ಹಾಸಿಗೆಯಲ್ಲಿರ್ಲಿಲ್ಲ. ಇದೇ ಕಟ್ಟಡದಲ್ಲಿ, ಮೇಲಿನ ಮಹಡೀಲಿ ಸಾಹೇಬರ ಕಕ್ಕಸಿನಲ್ಲಿದ್ದೆ. ನಂಗೆ ಜ್ವರ ಇಲ್ಲ. ಮುಟ್ಟಿ ನೋಡಿ."

ಅವನು ಮುಟ್ಟಲಿಲ್ಲ. ಕಾಗದವನ್ನು ಅವಳ ಕಡೆ ತಳ್ಳಿ ಮುಂದಿನವರನ್ನು ಕರೆದ.

ಕೋರ್ಟಿನ ಕಾಂಪೌಂಡಿನ ತಗಡಿನ ಚಪ್ಪರದ ಕೆಳಗೆ ಒಬ್ಬ ಮುದುಕ ಟೈಪು ಹೊಡೆಯುತ್ತಿದ್ದ. ಎಲ್ಲರಿಗೂ ಟೈಪಿನಜ್ಜ. ವಕೀಲರ ಕಾಗದಗಳೆಲ್ಲ ಅವನ ಕೈಯಿಂದಲೇ ಹೊರಡುತ್ತಿದ್ದವು, ಪ್ರತಿಗಳು ಅವನ ಪೆಟ್ಟಿಗೆಯಲ್ಲಿರುತ್ತಿದ್ದವು. ಯಾರ ಮೇಲೂ ಪ್ರೀತಿಯಿಲ್ಲದ ಮುದುಕ. ಅವಳು ಹೋಗಿ, ಹಿಂದೆ ನಾನು ಸಹಿ ಹಾಕಿದ್ದರಲ್ಲೆಲ್ಲ ಏನಿತ್ತು ಎಂದು ಕೇಳಿದಳು. ಅವನು ಬೈದುಕೊಂಡೇ ಪೆಟ್ಟಿಗೆ ಕೆದಕಿದ. ಏಳು ಹಾಳೆ ಸಿಕ್ಕವು. ಒಂದೊಂದಾಗಿ ಓದಿದ. ಅರ್ಜಿದಾರಳಿಗೆ ಅನಾರೋಗ್ಯ, ವಾಯಿದೆ ಬೇಕು. ಅರ್ಜಿದಾರಳಿಗೆ ವಿಷಮಶೀತ ಜ್ವರ. ಅರ್ಜಿದಾರಳಿಗೆ ಚರ್ಮದ ಸೋಂಕು. ಅರ್ಜಿದಾರಳಿಗೆ ಮತ್ತೆ ಅನಾರೋಗ್ಯ. ವಕೀಲರು ಬೇರೆ ಕೋರ್ಟಿನಲ್ಲಿದ್ದ ದಿನಗಳಲ್ಲೆಲ್ಲ ಅವಳಿಗೆ ರೋಗ ಬಂದಿತ್ತು. ಏಳು ರೋಗ, ಏಳು ಆಣೆ, ಏಳರ ಕೆಳಗೂ ಅವಳದೇ ಸಹಿ.

ಮುದುಕ ಕನ್ನಡಕ ತೆಗೆದು ಕಣ್ಣು ಉಜ್ಜಿಕೊಂಡ. "ನಿನ್ನ ಗಂಡನ ವಕೀಲ ಹೋದ ವಾರ ಇವುಗಳ ನಕಲು ತಗೊಂಡು ಹೋದ ಕಣಮ್ಮ. ನಾನೇ ಕೊಟ್ಟೆ. ನಿನ್ನ ಗಂಡ ನಿನ್ನನ್ನ ರೋಗಿಷ್ಟೆ ಅಂತ ಹೇಳಿದ್ದಕ್ಕೆ ಸಾಕ್ಷಿ ಬೇಕಿತ್ತು. ಸಾಕ್ಷಿ ನೀನೇ ಕೊಟ್ಟಿದ್ದೀಯ."

ಅವಳು ನೆಲದ ಮೇಲೆ ಕೂತುಬಿಟ್ಟಳು. ಬಿಸಿಲಿತ್ತು. ಬೆನ್ನ ಮೇಲೆ ಸೋಪಿನ ನೀರು ಒಣಗಿ ಚರ್ಮ ಬಿಗಿಯುತ್ತಿತ್ತು. ಅಜ್ಜಿ ಬೇರೆ ಬಕೆಟಿನಲ್ಲಿ ಬಟ್ಟೆ ನೆನೆಸುತ್ತಾಳೆ ಅಂದಿದ್ದಳು ಮಗಳು. ಅತ್ತೆ ಹೇಳಿದ ಸುಳ್ಳಿಗೆ ನಾನೇ ಏಳು ಸಲ ಆಣೆ ಇಟ್ಟು ಕೊಟ್ಟಿದ್ದೇನೆ. ಈಗ ಎಂಟನೆಯದು ಕೈಯಲ್ಲಿದೆ.

ಎಂಟನೆಯದನ್ನು ಹರಿದಳು. ನಾಲ್ಕು ತುಂಡು ಮಾಡಿದಳು.

ವಕೀಲರು ಮೊದಲ ಬಾರಿ ನಗು ನಿಲ್ಲಿಸಿದರು. ಕೋರ್ಟಿಗೆ ಒಂದು ಕಾರಣ ಬೇಕು, ಎಲ್ಲರೂ ಅನಾರೋಗ್ಯ ಅಂತಲೇ ಬರೆಯುವುದು, ಅದು ಬರೀ ಪದ, ಯಾರೂ ಓದುವುದಿಲ್ಲ ಎಂದು ತಿಳಿಹೇಳಿದರು. ಹಾಗಾದರೆ ಕಕ್ಕಸು ಅಂತ ಬರೆಯಿರಿ, ಅದೂ ಬರೀ ಪದವೇ ಅಂದಳು. ಸಾಹೇಬರು ಬಂದರು, ನನ್ನ ಮೇಲೆ ಕೈ ತೊಳೆದರು, ಅವರೇ ಸಾಕ್ಷಿ, ಅದನ್ನೂ ಬರೆಯಿರಿ ಅಂದಳು.

"ನಿಂಗೇನು ತಲೆ ಕೆಟ್ಟಿದೆಯೇನಮ್ಮ? ಅದೇ ಸಾಹೇಬ್ರ ಮುಂದೆ ಅವರನ್ನೇ ಸಾಕ್ಷಿ ಮಾಡ್ತೀಯಾ? ನಾನು ದಿನಾ ಅವರೆದುರು ನಿಲ್ಬೇಕು."

"ನಾನು ದಿನಾ ಅವರ ಕಕ್ಕಸು ತೊಳೀಬೇಕು ಸಾರ್. ನಂಗೇ ಭಯ ಇಲ್ಲ, ನಿಮಗ್ಯಾಕೆ?"

ವಕೀಲರು ಅವಳ ಕೇಸಿಗೆ ಅವತ್ತೇ ಎಳ್ಳುನೀರು ಬಿಟ್ಟರು. ಫೈಲು ತಂದು ಅವಳ ಕೈಗಿಟ್ಟರು.

ಟೈಪಿನಜ್ಜ ಹೊಡೆದುಕೊಟ್ಟ. ಅವಳು ಹೇಳುತ್ತ ಹೋದಳು, ಅವನು ಬೈಯುತ್ತ ಹೊಡೆದ. ಕಕ್ಕಸು ಎಂಬಲ್ಲಿ ಅವನು ಶೌಚಾಲಯ ಎಂದು ಹಾಕಿದ. ಓದಿಸಿ ಕೇಳಿದಾಗ ಅವಳು ಒಪ್ಪಲಿಲ್ಲ, ಅಳಿಸಿ ಮತ್ತೆ ಹಾಕಿಸಿದಳು. ಎಡಗಾಲಿನ ಲೇಸು ಬಿಚ್ಚಿತ್ತು ಎಂಬುದನ್ನೂ ಬಿಡಲಿಲ್ಲ. ಕೈ ತೊಳೆದ ನೀರು ನನ್ನ ಬೆನ್ನಿನ ಮೇಲೆ ಬಿತ್ತು ಎಂಬಲ್ಲಿ ಮುದುಕ ಒಂದು ಗಳಿಗೆ ಕೈ ಎತ್ತಿ ಕೂತ, ಆಮೇಲೆ ಅದನ್ನೂ ಹೊಡೆದ. ಕೊನೆಗೆ, ನನಗೆ ಯಾವ ರೋಗವೂ ಇಲ್ಲ, ಹಿಂದಿನ ಏಳು ಪ್ರಮಾಣಪತ್ರಗಳನ್ನು ಯಾರೂ ನನಗೆ ಓದಿ ಹೇಳಿಲ್ಲ, ಅವು ಸುಳ್ಳು ಎಂದು ಹಾಕಿಸಿದಳು. ಪ್ರಮಾಣ ಅಧಿಕಾರಿ ಈ ಸಲ ಇಡೀ ಕಾಗದ ಓದಿದ. ಓದಿ, ನಿಜ ತಾನೇ ಎಂದು ಮೆಲ್ಲಗೆ ಕೇಳಿದ. ನಿಜ ಅಂದಳು. ಮೊಹರು ಒತ್ತಿದ.

ಆಮೇಲೆ ಶುರುವಾಯಿತು ಕಚೇರಿಯ ಆಟ. ಕಾಗದ ತೆಗೆದುಕೊಳ್ಳುವ ಗುಮಾಸ್ತ ಮೊದಲು ಅಂಚು ಸಾಲದು ಎಂದು ವಾಪಸು ಕೊಟ್ಟ. ಅಂಚು ಬಿಟ್ಟು ತಂದಳು. ಪುಟದ ನಂಬರಿಲ್ಲ ಅಂದ. ನಂಬರು ಹಾಕಿಸಿ ತಂದಳು. ಪರಿವಿಡಿ ಇಲ್ಲ ಅಂದ. ಮೂರು ಪುಟಕ್ಕೆ ಪರಿವಿಡಿ. ಅದನ್ನೂ ತಂದಳು. ನಾಲ್ಕನೇ ಸಲ, ಭಾಷೆ ಅಸಭ್ಯವಾಗಿದೆ ಎಂದು ಬರೆದು ಕೊಟ್ಟ. ಅವನ ಮಹಡಿಯ ಕಕ್ಕಸಿನ ಗೋಡೆಯ ಮೇಲೆ ಯಾರ್‍ಯಾರೋ ಬರೆದ ಭಾಷೆಯನ್ನು ಅವಳು ಆರು ವರ್ಷ ಉಜ್ಜಿದ್ದಳು. ಓದಲು ಬಾರದಿದ್ದರೂ ಚಿತ್ರಗಳು ಅರ್ಥವಾಗುತ್ತಿದ್ದವು.

ಅಷ್ಟರಲ್ಲಿ ಸುದ್ದಿ ಕಟ್ಟಡವೆಲ್ಲ ಸುತ್ತಿತ್ತು. ಗುತ್ತಿಗೆದಾರನ ಮೇಲ್ವಿಚಾರಕ ಅವಳ ನೀಲಿ ಕೋಟು ಬಿಚ್ಚಿಸಿಕೊಂಡ. ಹಾಜರಿ ಪುಸ್ತಕದ ಕೆಂಪು ಗೆರೆ ತೋರಿಸಿ, ಆ ದಿನ ನೀನು ಕೆಲಸದಲ್ಲೇ ಇರಲಿಲ್ಲ, ಕಕ್ಕಸು ತೊಳೆದದ್ದು ಹೇಗೆ, ಸಂಸ್ಥೆಗೆ ಕೆಟ್ಟ ಹೆಸರು ತರುತ್ತೀಯಾ ಅಂದ. ಅವಳು ಕೆಲಸದವಳಾಗಿಯೂ ಅಲ್ಲಿರಲಿಲ್ಲ, ಕಕ್ಷಿದಾರಳಾಗಿಯೂ ಅಲ್ಲಿರಲಿಲ್ಲ. ಎರಡು ಪುಸ್ತಕ ಸೇರಿ ಅವಳನ್ನು ಅಳಿಸಿಹಾಕಿದ್ದವು. ಕೊಳವೆಯೊಳಗೆ ಕೈ ಹಾಕಿದ್ದು ಮಾತ್ರ ಅವಳೇ.

ಇಪ್ಪತ್ತೊಂಬತ್ತನೇ ದಿನ ಅವಳು ಗುಮಾಸ್ತನ ಕಿಟಕಿಯ ಮುಂದೆ ಬೆಳಿಗ್ಗೆ ನಿಂತವಳು ಜಗ್ಗಲಿಲ್ಲ. ಪಕ್ಕಕ್ಕೆ ಸರಿ ಅಂದರು, ಸರಿಯಲಿಲ್ಲ. ಹಿಂದೆ ಸಾಲು ಬಾಗಿಲು ದಾಟಿ ಮೆಟ್ಟಿಲವರೆಗೆ ಬೆಳೆಯಿತು. ಕೂಗಾಟ ಎದ್ದಿತು. ಗುಮಾಸ್ತ ಕೊನೆಗೆ ಕಾಗದವನ್ನು ಕಿತ್ತುಕೊಂಡು ಮೊಹರು ಗುದ್ದಿ, ಹಾಳಾಗಿ ಹೋಗು ಅಂದ.

ವಿಚಾರಣೆಯ ದಿನ ಮೂರನೇ ಹಾಲು ತುಂಬಿತ್ತು. ಕೇಸಿಲ್ಲದ ವಕೀಲರೂ ಬಂದು ಗೋಡೆಗೊರಗಿ ನಿಂತಿದ್ದರು. ಗಂಡ ಇಸ್ತ್ರಿ ಅಂಗಿ ಹಾಕಿಕೊಂಡು ಬಂದಿದ್ದ, ಪಕ್ಕದಲ್ಲಿ ಅತ್ತೆ. ಶಾಲೆಗೆ ಇನ್ನು ಒಂದು ವಾರ. ಮಗಳ ಪೆಟ್ಟಿಗೆ ಕಟ್ಟಿಟ್ಟಾಗಿದೆ ಎಂದು ಅತ್ತೆ ಅವಳಿಗೆ ಕೇಳುವಂತೆ ಯಾರಿಗೋ ಹೇಳುತ್ತಿದ್ದಳು.

ಗಂಡನ ವಕೀಲ ಎದ್ದು, ಇದು ನ್ಯಾಯಾಲಯಕ್ಕೆ ಮಾಡಿದ ಅವಮಾನ, ಹೆಂಗಸು ತನ್ನ ಕೈಯಾರೆ ಏಳು ಸಲ ರೋಗ ಒಪ್ಪಿಕೊಂಡವಳು, ಈಗ ಕಕ್ಕಸಿನ ಕಥೆ ಕಟ್ಟಿದ್ದಾಳೆ, ಗುತ್ತಿಗೆದಾರನ ಹಾಜರಿ ಪುಸ್ತಕ ನೋಡಿದರೆ ಸಾಕು, ಆ ದಿನ ಅವಳು ಕಟ್ಟಡದಲ್ಲೇ ಇರಲಿಲ್ಲ ಅಂದ. ಜವಾನನನ್ನು ಕೇಳಿದರು. ಅವನು ಸಾಹೇಬರ ಮುಖ ನೋಡಿದ, ನೆಲ ನೋಡಿದ, ನೆನಪಿಲ್ಲ ಸಾರ್ ಅಂದ.

ಸಾಹೇಬರು ಅವಳ ಪ್ರಮಾಣಪತ್ರವನ್ನು ಎರಡು ಬೆರಳಲ್ಲಿ ಹಿಡಿದಿದ್ದರು. ಮುಖ ಗಂಟಿಕ್ಕಿತ್ತು. ಆದರೂ ದನಿ ತಗ್ಗಿಸಿಯೇ ಮಾತಾಡಿದರು. ಇದನ್ನು ವಾಪಸು ತೆಗೆದುಕೋ, ಅನಾರೋಗ್ಯ ಎಂದು ಒಂದು ಸಾಲಿನ ಕಾಗದ ಕೊಡು, ನಾನು ಈ ಗಳಿಗೆಯಲ್ಲೇ ಕೇಸು ತೆಗೆದುಕೊಳ್ಳುತ್ತೇನೆ, ನಿನ್ನ ಒಳ್ಳೆಯದಕ್ಕೇ ಹೇಳುತ್ತಿದ್ದೇನೆ ಅಂದರು.

ಹಾಲಿನಲ್ಲಿ ಒಂದು ನೆಮ್ಮದಿಯ ಉಸಿರು ಹರಿದಾಡಿತು. ಗಂಡನ ವಕೀಲ ತುಟಿಯಂಚಲ್ಲಿ ನಕ್ಕ. ಅವನಿಗೆ ಬೇಕಾದ ಎಂಟನೇ ಹಾಳೆ ಅದೇ.

"ಆಗಲ್ಲ ಸ್ವಾಮಿ," ಅಂದಳು. "ರೋಗ ಇದೆ ಅಂತ ಬರ್ಕೊಟ್ರೆ ಮಗಳು ಅವರಿಗೇ ಹೋಗ್ತಾಳೆ. ನಂಗೆ ರೋಗ ಇರ್ಲಿಲ್ಲ. ನಾನು ಇಲ್ಲೇ ಇದ್ದೆ. ನೀವು ನೋಡಿದ್ದೀರಿ."

"ನಾನು ಯಾರನ್ನೂ ನೋಡಿಲ್ಲ. ಯಾರೋ ಕೆಲಸದವಳು ಬಗ್ಗಿಕೊಂಡಿದ್ದಳು. ಮುಖ ನೋಡಿಲ್ಲ. ಅದು ನೀನೇ ಅಂತ ಹೇಗೆ ಹೇಳೋದು?"

ಅಂದ ಮೇಲೆ ತಾವೇನು ಅಂದೆವೆಂದು ಅವರಿಗೇ ತಿಳಿಯಿತು. ಗೋಡೆಗೊರಗಿದ್ದ ವಕೀಲರಲ್ಲಿ ಒಬ್ಬ ಕೆಮ್ಮಿದ.

"ಮುಖ ನೋಡಿಲ್ಲ, ನಿಜ," ಅಂದಳು. "ಬೆನ್ನು ನೋಡಿದ್ದೀರಲ್ಲ."

ಅವಳು ಪೀಠಕ್ಕೆ ಬೆನ್ನು ಮಾಡಿದಳು. ಮೊಣಕಾಲೂರಿದಳು. ಒಂದು ಕೈ ನೆಲಕ್ಕೆ ಕೊಟ್ಟು, ಇನ್ನೊಂದನ್ನು ಮುಂದೆ ಚಾಚಿ, ಅವತ್ತು ಹೇಗೆ ಬಗ್ಗಿದ್ದಳೋ ಹಾಗೆ ಬಗ್ಗಿದಳು. ಹಾಲಿನ ನಡುವೆ, ಅಷ್ಟೂ ಕರಿಕೋಟುಗಳ ಮುಂದೆ. ಅವಳ ಮುಖ ಗಂಡನ ಕಡೆಗಿತ್ತು. ಅವನು ಬೇರೆಲ್ಲೋ ನೋಡಿದ.

ಜವಾನ ಓಡಿಬಂದ. ಮುಟ್ಟಿ ಎಬ್ಬಿಸಲು ಕೈ ಚಾಚಿ, ಮುಟ್ಟದೆ ನಿಂತ. ಏಳು, ನೇರ ನಿಲ್ಲು, ಇದು ಕೋರ್ಟು ಎಂದು ಸಾಹೇಬರು ಗದರಿದರು.

"ಗುರುತು ಸಿಕ್ತಾ ಹೇಳಿ ಸ್ವಾಮಿ. ಆಮೇಲೆ ಏಳ್ತೀನಿ."

ಏಳಲಿಲ್ಲ. ಪೊಲೀಸನನ್ನು ಕರೆಸುತ್ತೇನೆ ಅಂದರು. ಏಳಲಿಲ್ಲ. ಮಂಡಿಯ ಕೆಳಗೆ ಕಲ್ಲುನೆಲ ತಣ್ಣಗಿತ್ತು. ಒಂದು ತಿಂಗಳಿಂದ ಯಾರೂ ಸರಿಯಾಗಿ ಒರೆಸಿಲ್ಲ, ಮೂಲೆಯಲ್ಲಿ ಧೂಳು ಕಟ್ಟಿದೆ ಎಂಬುದು ಅವಳ ಕಣ್ಣಿಗೆ ಬಿತ್ತು. ಸೊಂಟ ಸಿಡಿಯತೊಡಗಿತು. ಹಲ್ಲು ಕಚ್ಚಿದಳು. ಯಾರೂ ನಗಲಿಲ್ಲ. ಹಿಂದಿನ ಬೆಂಚಿನಿಂದ ಯಾರೋ ಹೆಂಗಸು, ಗುರುತು ಹೇಳಿ ಸ್ವಾಮಿ ಅಂದಳು. ಯಾರು ಅಂತ ನೋಡಲು ಅವಳು ತಲೆ ಎತ್ತಲಿಲ್ಲ.

ಸಾಹೇಬರು ಪ್ರಮಾಣಪತ್ರವನ್ನು ಮೇಜಿನ ಮೇಲಿಟ್ಟರು.

"ಸಿಕ್ತು," ಅಂದರು ಸಾಹೇಬರು.

ಅವಳು ಮೇಜಿನ ಅಂಚು ಹಿಡಿದು ಎದ್ದಳು. ಸಾಹೇಬರು ಅವಳ ಕಡೆ ನೋಡದೆ ಬೆರಳಚ್ಚುಗಾರ್ತಿಗೆ ಹೇಳಿ ಬರೆಸಿದರು. ಆ ದಿನ ಅರ್ಜಿದಾರಳು ನ್ಯಾಯಾಲಯದ ಕಟ್ಟಡದಲ್ಲಿ ಹಾಜರಿದ್ದಳು. ಗೈರುಹಾಜರಿಗೆ ಕಾರಣ, ಎಂದು ನಿಂತರು. ನೀರು ಕುಡಿದರು. ಪ್ರಮಾಣಪತ್ರದಲ್ಲಿ ಹೇಳಿದಂತೆ, ನ್ಯಾಯಾಧೀಶರ ಕೋಣೆಯ ಕಕ್ಕಸು ತೊಳೆಯುತ್ತಿದ್ದುದು. ವಜಾ ರದ್ದು. ನ್ಯಾಯಾಧೀಶರೇ ಸಾಕ್ಷಿಯಾಗಿರುವುದರಿಂದ ಈ ಕೇಸನ್ನು ಈ ಹಾಲು ಕೇಳುವಂತಿಲ್ಲ, ನಾಲ್ಕನೇ ಹಾಲಿಗೆ ವರ್ಗ, ಮುಂದಿನ ತಾರೀಖು ಎರಡು ತಿಂಗಳ ಮೇಲೆ. ಅಲ್ಲಿಯವರೆಗೆ ಹಳೆಯ ಮಧ್ಯಂತರ ಆದೇಶ ಊರ್ಜಿತ.

ಬಿಟ್ಟುಹೋಗಿದ್ದ ಅವಳ ವಕೀಲರು ಎಲ್ಲಿಂದಲೋ ಪಕ್ಕಕ್ಕೆ ಬಂದು ಪಿಸುಗುಟ್ಟಿದರು: ಮತ್ತೆ ಮೊದಲಿಂದ ಶುರು, ಜ್ವರ ಅಂದಿದ್ದರೆ ಇವತ್ತೇ ಇಲ್ಲೇ ಮುಗಿಯುತ್ತಿತ್ತು. ಅವಳು ಅವರನ್ನು ಕ್ಯಾರೆ ಅನ್ನಲಿಲ್ಲ.

ಪೀಠದ ಕೆಳಗಿನ ಗುಮಾಸ್ತ ಆದೇಶದ ಹಾಳೆಯನ್ನು ಅವಳ ಮುಂದೆ ತಳ್ಳಿ, ಪೆನ್ನಿನ ತುದಿಯಿಂದ ಕೆಳಗಿನ ಮೂಲೆ ತೋರಿಸಿದ. ಇಲ್ಲಿ ಸಹಿ.

"ಓದಿ," ಅಂದಳು.

ಈಗಷ್ಟೇ ಸಾಹೇಬರು ಹೇಳಿದ್ದು ಕೇಳಿಸಿಕೊಂಡೆಯಲ್ಲ ಅಂದ ಅವನು. ಅವರು ಹೇಳಿದ್ದು ಕೇಳಿದೆ, ಕಾಗದದಲ್ಲಿ ಏನು ಬಿದ್ದಿದೆ ಅನ್ನುವುದನ್ನು ಓದಿ ಅಂದಳು. ಮುಂದಿನ ಕೇಸಿನವರು ಎದ್ದು ನಿಂತಾಗಿತ್ತು. ಜವಾನ ಬಾಗಿಲಲ್ಲಿ ಬಾಯಿ ತೆರೆದು ಕೂಗಲಾರದೆ ನಿಂತಿದ್ದ. ಸಾಹೇಬ್ರು ಕಾಯ್ತಿದ್ದಾರೆ ಎಂದು ಗುಮಾಸ್ತ ಹಲ್ಲು ಕಡಿದ.

"ಕಾಯ್ಲಿ."

ಗುಮಾಸ್ತ ಮೇಲೆ ನೋಡಿದ. ಮೇಲಿನಿಂದ ಮಾತು ಬರಲಿಲ್ಲ. ಅವನು ಹಾಳೆ ಎತ್ತಿಕೊಂಡು ಮೊದಲ ಸಾಲಿನಿಂದ ಓದತೊಡಗಿದ. ಅವಳು ಮೇಜಿಗೆ ಎರಡೂ ಕೈಯೂರಿ, ಒಂದೊಂದು ಪದಕ್ಕೂ ತಲೆದೂಗುತ್ತ ಕೇಳಿದಳು. ಮಗಳನ್ನು ಊರು ಬಿಟ್ಟು ಒಯ್ಯಕೂಡದು ಎಂಬ ಸಾಲು ಬಂದಾಗ ಅವನನ್ನು ನಿಲ್ಲಿಸಿ, ಅದನ್ನು ಅತ್ತೆಯ ಕಡೆ ತಿರುಗಿ ಇನ್ನೊಂದು ಸಲ, ಗಟ್ಟಿಯಾಗಿ ಓದು ಅಂದಳು.